ಮಹಾ ಓಟಗಾರ ಪಾವೊ ನುರ್ಮಿ

ಯುರೋಪ ಖಂಡದ ಉತ್ತರ ಭಾಗದಲ್ಲಿ, ಬಾಲ್ಟಿಕ್ ಸಮುದ್ರದ ದಡದ ಮೇಲಿರುವ ಫಿನ್‌ಲೆಂಡ್ ಕಾಡುಗಳ ಮತ್ತು ಸರೋವರಗಳ ನಾಡು. ವರ್ಷದಲ್ಲಿ ಹಲವು ತಿಂಗಳು ಅಲ್ಲಿ ಹಿಮ ಕವಿದಿರುತ್ತದೆ. ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಅದು ಸ್ವತಂತ್ರ ರಾಷ್ಟ್ರವಾಗಿರಲಿಲ್ಲ. ರಷ್ಯದ ಚಕ್ರವರ್ತಿಯ ಅಧೀನದಲ್ಲಿತ್ತು. ಆ ದೇಶದ ನೈಋತ್ಯ ಕರಾವಳಿಯ ಟುರ್ಕು ನಗರದಲ್ಲಿ 1897ನೆಯ ಇಸವಿ ಜೂನ್ 13ರಂದು ಒಬ್ಬ ಬಡ ಬಡಗಿಯ ಮನೆಯಲ್ಲಿ ಪಾವೊ ನುರ್ಮಿ ಜನಿಸಿದನು. ಮುಂದೆ ಅವನು ಮೂರು ಒಲಿಂಪಿಕ್ ಕ್ರೀಡಾಕೂಟಗಳಲ್ಲಿ ಹನ್ನೆರಡು ಸ್ಪರ್ಧೆಗಳಲ್ಲಿ ಓಡಿ ಒಂಬತ್ತು ಚಿನ್ನದ ಮತ್ತು ಮೂರು ಬೆಳ್ಳಿಯ ಪದಕಗಳನ್ನು ಪಡೆದನು. 22 ಅಧಿಕೃತ ವಿಶ್ವದಾಖಲೆಗಳನ್ನು ಸ್ಥಾಪಿಸಿದನು. ಓಟದ ಚರಿತ್ರೆಯಲ್ಲಿ ಇಂಥ ಹೆಸರು ವಿರಳ. ಆದರೆ ಓಟದಿಂದ ಹಣ ಗಳಿಸಿದನೆಂಬ ಆರೋಪದ ಮೇಲೆ ಇದೇ ನುರ್ಮಿಯನ್ನು ನಾಲ್ಕನೆಯ ಒಲಿಂಪಿಕ್ಸ್‌ನ ಬಾಗಿಲಲ್ಲಿ ತಡೆದು ನಿಲ್ಲಿಸಲಾಯಿತು. ಅವನ ಪದಕಗಳನ್ನು ಎಣಿಸುವವರು ಈ ಸಂಗತಿಯನ್ನು ಒಂದು ವಾಕ್ಯದಲ್ಲಿ ಮುಗಿಸಿಬಿಡುವುದುಂಟು. ಅವನ ಜೀವನವನ್ನು ಅರಿಯಬೇಕಾದರೆ ಪದಕಗಳಷ್ಟೇ ಈ ತಡೆಯನ್ನೂ ನೋಡಬೇಕಾಗುತ್ತದೆ.

ತಂದೆ ಯೋಹಾನ್ ಫ್ರೆಡ್ರಿಕ್ ದೈವಭಕ್ತ, ಕಟ್ಟುನಿಟ್ಟಿನ ಮನುಷ್ಯ. ದೇಹ ಮಾತ್ರ ದುರ್ಬಲ. 1910ರಲ್ಲಿ ಅವನು ತೀರಿಕೊಂಡಾಗ ಹಿರಿಯ ಮಗನಾದ ಪಾವೊನಿಗೆ ಹದಿಮೂರು ಸಹ ತುಂಬಿರಲಿಲ್ಲ. ಮನೆಯಲ್ಲಿ ತಾಯಿ ಮತ್ತು ಚಿಕ್ಕ ತಮ್ಮತಂಗಿಯರು. ಅಡುಗೆಮನೆಯನ್ನು ಬಾಡಿಗೆಗೆ ಕೊಟ್ಟು ಇಡೀ ಕುಟುಂಬ ಒಂದೇ ಕೋಣೆಯಲ್ಲಿ ಬದುಕಬೇಕಾಯಿತು. ಓದಿನಲ್ಲಿ ಜಾಣನಾಗಿದ್ದ ಹುಡುಗನು ಶಾಲೆಯನ್ನು ಬಿಟ್ಟು ರೊಟ್ಟಿ ಮಾಡುವ ಬೇಕರಿಯೊಂದರಲ್ಲಿ ಆಳಾಗಿ ಸೇರಿದನು. ಸರಕು ತುಂಬಿದ ಕೈಗಾಡಿಯನ್ನು ಟುರ್ಕುವಿನ ಏರು ಬೀದಿಗಳಲ್ಲಿ ತಳ್ಳಿಕೊಂಡು ಹೋಗುವುದು ಅವನ ಕೆಲಸ. ರೈಲು ನಿಲ್ದಾಣಕ್ಕೆ ಹೋಗುವ ದಾರಿಯ ಏರು ಬಹಳ ಕಡಿದಾಗಿತ್ತು. ತನ್ನ ಬೆನ್ನಿಗೂ ಕಾಲುಗಳಿಗೂ ಬಲ ಬಂದದ್ದು ಆ ಗಾಡಿಯಿಂದಲೇ ಎಂದು ನುರ್ಮಿ ಮುಂದೆ ನಂಬಿದ್ದನು. ಬಡತನದಿಂದ ಬಲ ಬಂದಿತೆಂದು ಹೇಳುವುದು ಸುಲಭ. ಅದೇ ಬಡತನ ಅವನಿಂದ ಶಾಲೆಯನ್ನು ಕಸಿದುಕೊಂಡಿತ್ತು ಎಂಬುದನ್ನೂ ಮರೆಯಲಾಗದು. ಆ ನಷ್ಟ ಅವನ ಮನಸ್ಸಿನಿಂದ ಮಾಸಲಿಲ್ಲ. ಯಂತ್ರಶಾಲೆಯಲ್ಲಿ ದುಡಿಯುತ್ತ, ಓಡುತ್ತ, ಲೋಕಪ್ರಸಿದ್ಧನಾದ ಮೇಲೆಯೂ ಹೆಲ್ಸಿಂಕಿಯ ಕೈಗಾರಿಕಾ ಶಾಲೆಗೆ ಸೇರಿ 1923ರಲ್ಲಿ ಅಲ್ಲಿನ ಶಿಕ್ಷಣವನ್ನು ಪೂರೈಸಿದನು.

1912ರಲ್ಲಿ ಸ್ಟಾಕ್‌ಹೋಮ್ ನಗರದಲ್ಲಿ ನಡೆದ ಒಲಿಂಪಿಕ್ಸ್‌ನಲ್ಲಿ ಹಾನೆಸ್ ಕೊಲೆಮೈನೆನ್ ಎಂಬ ಫಿನ್ನಿಷ್ ತರುಣನು 5,000 ಮೀಟರ್, 10,000 ಮೀಟರ್ ಮತ್ತು ಗುಡ್ಡಗಾಡು ಓಟಗಳಲ್ಲಿ ಚಿನ್ನದ ಪದಕಗಳನ್ನು ಗೆದ್ದನು. ಗೆದ್ದವನು ಫಿನ್‌ಲೆಂಡಿನವನು, ಆದರೆ ಗೆಲುವಿನ ಕಂಬಕ್ಕೆ ಏರಿದ್ದು ರಷ್ಯದ ಧ್ವಜ. ಪರಾಧೀನ ದೇಶದ ಜನರ ಮನಸ್ಸಿನಲ್ಲಿ ಅದು ಎಂಥ ಸಂತೋಷವನ್ನೂ ಎಂಥ ಸಂಕಟವನ್ನೂ ಏಕಕಾಲಕ್ಕೆ ಉಂಟುಮಾಡಿರಬೇಕೆಂಬುದನ್ನು ಭಾರತೀಯರಿಗೆ ವಿವರಿಸಿ ಹೇಳಬೇಕಾಗಿಲ್ಲ. ಆ ಸುದ್ದಿಯನ್ನು ಕೇಳಿದ ಹದಿನೈದು ವರ್ಷದ ಪಾವೊ ಕೆಲವೇ ದಿನಗಳಲ್ಲಿ ತನ್ನ ಮೊದಲನೆಯ ಜೊತೆ ಓಟದ ಬೂಟುಗಳನ್ನು ಕೊಂಡುಕೊಂಡನು. ಬೇಸಿಗೆಯಲ್ಲಿ ಗುಡ್ಡಗಾಡಿನಲ್ಲಿ ಓಟ, ಚಳಿಗಾಲದಲ್ಲಿ ಹಿಮದ ಮೇಲೆ ಸ್ಕೀ ಹಲಗೆಗಳ ನಡೆ. ಇದು ಅವನ ದಿನಚರಿಯಾಯಿತು. 1914ರಲ್ಲಿ ಟುರ್ಕುವಿನ ಕ್ರೀಡಾ ಸಂಘವನ್ನು ಸೇರಿದನು. ಅವನಿಗೆ ಕಲಿಸುವ ಗುರುಗಳಾರೂ ಇರಲಿಲ್ಲ. ಹೊರಡುವ ರೈಲಿನ ಹಿಂಬದಿಯನ್ನು ಹಿಡಿದುಕೊಂಡು ಓಡಿ ಹೆಜ್ಜೆಯನ್ನು ಉದ್ದಮಾಡಿಕೊಳ್ಳಲು ಯತ್ನಿಸಿದ ಹುಡುಗನಿವನು. ಆ ಕಾಲದ ಸಾಧನೆಯಲ್ಲಿ ದೂರ ಹೆಚ್ಚಾಗಿಯೂ ವೇಗ ಕಡಿಮೆಯಾಗಿಯೂ ಇದ್ದಿತೆಂದು ಮುಂದೆ ಅವನೇ ತನ್ನ ಅಭ್ಯಾಸಕ್ರಮವನ್ನು ಟೀಕಿಸಿಕೊಂಡನು.

1917ರ ಡಿಸೆಂಬರಿನಲ್ಲಿ ಫಿನ್‌ಲೆಂಡ್ ಸ್ವತಂತ್ರವಾಯಿತು. ಮರುವರ್ಷವೇ ಅಂತರ್ಯುದ್ಧದ ನೋವನ್ನು ಅನುಭವಿಸಿತು. 1919ರಲ್ಲಿ ನುರ್ಮಿ ಕಡ್ಡಾಯ ಸೈನ್ಯಸೇವೆಗೆ ಸೇರಿದನು. ಸೈನಿಕರಿಗಾಗಿ ಏರ್ಪಡಿಸಿದ್ದ ದೂರ ನಡಿಗೆಯ ಸ್ಪರ್ಧೆಯೊಂದರಲ್ಲಿ ಬೆನ್ನಿಗೆ ಮರಳು ತುಂಬಿದ ಚೀಲ, ಹೆಗಲಿಗೆ ಬಂದೂಕು. ಉಳಿದವರು ನಡೆದರು, ನುರ್ಮಿ 20 ಕಿಲೋಮೀಟರ್ ಓಡಿಯೇ ಮುಗಿಸಿದನು. ಅವನು ಒಳದಾರಿಯಲ್ಲಿ ಬಂದಿರಬೇಕೆಂದು ಕೆಲವರು ಸಂದೇಹಪಟ್ಟರು. ಸೈನ್ಯದ ಅಧಿಕಾರಿಗಳು ಮಾತ್ರ ಅವನ ಶಕ್ತಿಯನ್ನು ಗುರುತಿಸಿ ಅಭ್ಯಾಸಕ್ಕೆ ಅನುಕೂಲ ಮಾಡಿಕೊಟ್ಟರು.

ಮರುವರ್ಷ, 1920ರ ಆಗಸ್ಟ್ ತಿಂಗಳಲ್ಲಿ, ಬೆಲ್ಜಿಯಮ್ ದೇಶದ ಆಂಟ್‌ವರ್ಪ್ ನಗರದಲ್ಲಿ ಒಲಿಂಪಿಕ್ ಕ್ರೀಡಾಕೂಟ ನಡೆಯಿತು. ಮಹಾಯುದ್ಧ ಮುಗಿದು ಎರಡು ವರ್ಷವೂ ತುಂಬಿರಲಿಲ್ಲ. 5,000 ಮೀಟರ್ ಓಟದಲ್ಲಿ ನುರ್ಮಿ ಆರಂಭದ ಸುತ್ತುಗಳಲ್ಲಿಯೇ ವೇಗವನ್ನು ಹೆಚ್ಚಿಸಿ ಎಲ್ಲರನ್ನೂ ಹಿಂದೆ ಹಾಕಲು ನೋಡಿದನು. ಫ್ರಾನ್ಸಿನ ಜೋಸೆಫ್ ಗಿಯಮೊ ಒಬ್ಬನು ಮಾತ್ರ ಬೆನ್ನು ಬಿಡಲಿಲ್ಲ. ಯುದ್ಧದಲ್ಲಿ ವಿಷವಾಯುವಿನಿಂದ ಶ್ವಾಸಕೋಶಗಳಿಗೆ ಪೆಟ್ಟು ಬಿದ್ದಿದ್ದ ಸೈನಿಕನಾತ. ಕೊನೆಯ ಸುತ್ತಿನಲ್ಲಿ ಅವನು ನುರ್ಮಿಯನ್ನು ದಾಟಿ ಗೆದ್ದನು. ಮೂರು ದಿನಗಳ ತರುವಾಯ 10,000 ಮೀಟರ್ ಓಟದಲ್ಲಿ ಅದೇ ಗಿಯಮೊನನ್ನು ಹಿಂದೆ ಹಾಕಿ ನುರ್ಮಿ ತನ್ನ ಮೊದಲ ಚಿನ್ನದ ಪದಕವನ್ನು ಪಡೆದನು. ಗುಡ್ಡಗಾಡು ಓಟದಲ್ಲಿ ವೈಯಕ್ತಿಕ ಮತ್ತು ತಂಡದ ಪದಕಗಳೂ ಅವನಿಗೆ ದೊರೆತವು.

ಇದೇ ಆಂಟ್‌ವರ್ಪ್ ಕೂಟದಲ್ಲಿ ಒಬ್ಬ ಕನ್ನಡ ನಾಡಿನ ಓಟಗಾರರೂ ಓಡಿದರೆಂಬುದನ್ನು ಇಲ್ಲಿ ನೆನೆಯುವುದು ಉಚಿತ. ಪುಣೆಯ ಡೆಕ್ಕನ್ ಜಿಮ್‌ಖಾನಾದ ಕ್ರೀಡೋತ್ಸವದಲ್ಲಿ ರೈತರ ಮಕ್ಕಳು ಬರಿಗಾಲಿನಲ್ಲಿ, ಸ್ಪರ್ಧೆಯ ನಿಯಮಗಳ ಪರಿಚಯವೂ ಇಲ್ಲದೆ ದೂರದ ಓಟಗಳನ್ನು ಓಡುವುದನ್ನು ಆ ಸಂಸ್ಥೆಯ ಅಧ್ಯಕ್ಷರಾಗಿದ್ದ ಸರ್ ದೊರಾಬ್ಜಿ ಟಾಟಾ ಅವರು ಕಂಡರು. ಅವರ ಓಟದ ಕಾಲವು ಯುರೋಪಿನವರ ಕಾಲಕ್ಕೆ ಸಮೀಪವಾಗಿದ್ದುದನ್ನು ಗಮನಿಸಿ, ಸ್ವಂತ ಹಣವನ್ನೂ ಇತರರ ದೇಣಿಗೆಯನ್ನೂ ಕೂಡಿಸಿ ನಾಲ್ವರು ಓಟಗಾರರನ್ನೂ ಇಬ್ಬರು ಪೈಲ್ವಾನರನ್ನೂ ಆಂಟ್‌ವರ್ಪ್‌ಗೆ ಕಳಿಸಿದರು. ಅವರಲ್ಲಿ ಬೆಳಗಾವಿಯ ಫಡೆಪ್ಪ ದರೆಪ್ಪ ಚೌಗುಲೆಯವರು ಒಬ್ಬರು. ಆಗ ಬೆಳಗಾವಿ ಮುಂಬಯಿ ಪ್ರಾಂತದಲ್ಲಿಯೂ ಬೀದರ, ಭಾಲ್ಕಿ, ಔರಾದಗಳು ನಿಜಾಮರ ರಾಜ್ಯದಲ್ಲಿಯೂ ಇದ್ದವು. ಆಗಸ್ಟ್ 22ರಂದು ನಡೆದ ಮ್ಯಾರಥಾನ್ ಓಟದ ದೂರ 42 ಕಿಲೋಮೀಟರ್ 750 ಮೀಟರ್. ಒಲಿಂಪಿಕ್ಸ್‌ನಲ್ಲಿ ಅಷ್ಟು ದೀರ್ಘವಾದ ಮ್ಯಾರಥಾನ್ ಬೇರೆ ಯಾವುದೂ ಇಲ್ಲ. ಅದನ್ನು ಗೆದ್ದವನು ನುರ್ಮಿಯ ಬಾಲ್ಯದ ಆದರ್ಶಪುರುಷನಾದ ಕೊಲೆಮೈನೆನ್. ಅವನ ಕಾಲ 2 ಗಂಟೆ 32 ನಿಮಿಷ 35 ಸೆಕೆಂಡು. ಚೌಗುಲೆಯವರು 2 ಗಂಟೆ 50 ನಿಮಿಷ 45 ಸೆಕೆಂಡುಗಳಲ್ಲಿ ಹತ್ತೊಂಬತ್ತನೆಯವರಾಗಿ ಗುರಿ ಮುಟ್ಟಿದರು. ನಲವತ್ತಕ್ಕೂ ಹೆಚ್ಚು ಓಟಗಾರರಲ್ಲಿ ಹತ್ತೊಂಬತ್ತನೆಯ ಸ್ಥಾನ ಸಾಮಾನ್ಯವೇನಲ್ಲ. ಅದರ ಮರುದಿನವೇ ನುರ್ಮಿ ಗುಡ್ಡಗಾಡು ಓಟವನ್ನು ಗೆದ್ದದ್ದು. ಬೆಳಗಾವಿಯ ಓಟಗಾರರಿಗೂ ಟುರ್ಕುವಿನ ಬಡಗಿಯ ಮಗನಿಗೂ ಪ್ರತಿಭೆಯಲ್ಲಿ ಅಂತರವಿದ್ದಿರಬಹುದು. ಇಬ್ಬರ ದೇಶಗಳಲ್ಲಿ ಓಟಕ್ಕೆ ದೊರೆಯುತ್ತಿದ್ದ ಆಸರೆಯ ಅಂತರ ಅದಕ್ಕಿಂತ ಬಹಳ ದೊಡ್ಡದಾಗಿತ್ತು.

ಗಿಯಮೊನ ಎದುರಿನ ಸೋಲು ನುರ್ಮಿಯ ಜೀವನದ ದೊಡ್ಡ ಪಾಠವಾಯಿತು. ತಾನು ಸೋತದ್ದು ಶಕ್ತಿಯ ಕೊರತೆಯಿಂದಲ್ಲ, ಶಕ್ತಿಯನ್ನು ತಪ್ಪಾಗಿ ವೆಚ್ಚ ಮಾಡಿದ್ದರಿಂದ ಎಂದು ಅವನಿಗೆ ಮನವರಿಕೆಯಾಯಿತು. ಅಲ್ಲಿಂದ ಮುಂದೆ ಅವನು ಕೈಯಲ್ಲಿ ಸ್ಟಾಪ್‌ವಾಚ್ ಹಿಡಿದುಕೊಂಡೇ ಓಡತೊಡಗಿದನು. ಪ್ರತಿ ಸುತ್ತಿನ ಕೊನೆಗೆ ಒಮ್ಮೆ ಅದರತ್ತ ಕಣ್ಣು ಹಾಯಿಸುವನು. ಎದುರಾಳಿಗಳನ್ನು ನೋಡುವ ಗೋಜಿಗೇ ಹೋಗನು. ಕೊನೆಯ ಸುತ್ತು ಸಮೀಪಿಸಿದಾಗ ಗಡಿಯಾರವನ್ನು ಹುಲ್ಲಿನ ಮೇಲೆ ಎಸೆದು ವೇಗವನ್ನು ಹೆಚ್ಚಿಸುವನು. ನೋಡುವವರಿಗೆ ಇದು ವಿಚಿತ್ರವಾಗಿ, ಕೆಲವೊಮ್ಮೆ ಅಹಂಕಾರವಾಗಿ ಕಂಡಿತು. ಅದರ ಹಿಂದಿನ ತರ್ಕ ಸರಳವಾದುದು. ಮನುಷ್ಯನು ಮಿತಿಮೀರಿದ ವೇಗದಲ್ಲಿ ಓಡಿದಾಗ ಉಸಿರಿನಿಂದ ದೊರೆಯುವ ಆಮ್ಲಜನಕ ಸ್ನಾಯುಗಳಿಗೆ ಸಾಲುವುದಿಲ್ಲ. ಆ ಕೊರತೆ ಸಾಲದಂತೆ ಬೆಳೆದು ಕಾಲುಗಳು ಭಾರವಾಗುತ್ತವೆ. ಆರಂಭದಲ್ಲಿ ಉಳಿಸಿದ ಎರಡು ಸೆಕೆಂಡಿಗೆ ಕೊನೆಯಲ್ಲಿ ಹತ್ತು ಸೆಕೆಂಡನ್ನು ತೆರಬೇಕಾಗುತ್ತದೆ. ಪೂರ್ತಿ ದೂರವನ್ನು ಒಂದೇ ಸಮನಾದ ವೇಗದಲ್ಲಿ ಕ್ರಮಿಸಿದರೆ ಶರೀರಕ್ಕೆ ತಗಲುವ ವೆಚ್ಚ ಅತ್ಯಲ್ಪ. ಶರೀರಶಾಸ್ತ್ರಜ್ಞರು ಪ್ರಯೋಗಶಾಲೆಗಳಲ್ಲಿ ಈ ವಿಷಯವನ್ನು ಅಳೆಯುತ್ತಿದ್ದ ವರ್ಷಗಳಲ್ಲಿಯೇ ನುರ್ಮಿ ಓಟದ ಪಥದಲ್ಲಿ ಅದನ್ನು ಆಚರಿಸಿ ತೋರಿಸಿದನು. ಗಂಭೀರ ಮುಖ, ನೆಟ್ಟ ದೇಹ, ಎದೆಯ ಎತ್ತರಕ್ಕೆ ಹಿಡಿದ ಕೈಗಳು, ಉದ್ದ ಹೆಜ್ಜೆ. ಪತ್ರಿಕೆಗಳವರು ಅವನನ್ನು ಯಂತ್ರಕ್ಕೆ ಹೋಲಿಸಿದರು. ಆ ಹೋಲಿಕೆ ಅಷ್ಟು ನ್ಯಾಯವಾದುದಲ್ಲ. ಯಂತ್ರಕ್ಕೆ ಲೆಕ್ಕವನ್ನು ಬೇರೆಯವರು ಹಾಕಿಕೊಡಬೇಕು, ನುರ್ಮಿ ತನ್ನ ಲೆಕ್ಕವನ್ನು ತಾನೇ ಹಾಕಿಕೊಂಡನು.

ಫಲ ಬೇಗನೆ ಕಾಣಿಸಿತು. 1921ರಲ್ಲಿ 10,000 ಮೀಟರ್ ಓಟದಲ್ಲಿ ಮೊದಲ ವಿಶ್ವದಾಖಲೆ. ಮರುವರ್ಷ 2,000, 3,000 ಮತ್ತು 5,000 ಮೀಟರ್ ಓಟಗಳಲ್ಲಿ. 1923ರ ಆಗಸ್ಟ್ 23ರಂದು ಸ್ಟಾಕ್‌ಹೋಮ್‌ನಲ್ಲಿ ಸ್ವೀಡನ್ನಿನ ಎಡ್ವಿನ್ ವೀಡೆಯ ಎದುರಿನಲ್ಲಿ ಒಂದು ಮೈಲಿಯನ್ನು 4 ನಿಮಿಷ 10.4 ಸೆಕೆಂಡುಗಳಲ್ಲಿ ಓಡಿದನು. ಮೈಲಿ, 5,000 ಮತ್ತು 10,000 ಮೀಟರ್, ಈ ಮೂರೂ ದಾಖಲೆಗಳನ್ನು ಏಕಕಾಲಕ್ಕೆ ಹೊಂದಿದ ಓಟಗಾರ ಅವನೊಬ್ಬನೇ. ಆ ಮೇಲೆ ಯಾರಿಗೂ ಅದು ಸಾಧ್ಯವಾಗಿಲ್ಲ. ಮಧ್ಯಮ ದೂರಕ್ಕೆ ಬೇಕಾದ ವೇಗವೂ ದೀರ್ಘ ದೂರಕ್ಕೆ ಬೇಕಾದ ತಾಳಿಕೆಯೂ ಒಂದೇ ದೇಹದಲ್ಲಿ ನೆಲಸುವುದು ಎಷ್ಟು ಅಪರೂಪವೆಂಬುದಕ್ಕೆ ಇದೇ ಸಾಕ್ಷಿ.

ಈ ಮೈಲಿ ಓಟದ ದಾಖಲೆಗೆ ಒಂದು ಹಿನ್ನೆಲೆಯಿದೆ. ಅದು ಮುಂದಿನ ಕಥೆಗೆ ಸಂಬಂಧಿಸಿದ್ದು. 1886ರಲ್ಲಿಯೇ ವಾಲ್ಟರ್ ಜಾರ್ಜ್ ಎಂಬ ಇಂಗ್ಲಿಷ್ ಓಟಗಾರನು ಲಂಡನ್ನಿನಲ್ಲಿ ಒಂದು ಮೈಲಿಯನ್ನು 4 ನಿಮಿಷ ಹನ್ನೆರಡೂಮುಕ್ಕಾಲು ಸೆಕೆಂಡುಗಳಲ್ಲಿ ಓಡಿದ್ದನು. ಔಷಧದಂಗಡಿಯಲ್ಲಿ ಕೆಲಸ ಕಲಿಯುತ್ತಿದ್ದ ಅವನು ಸಾಲದ ಹೊರೆಯಿಂದ ಹವ್ಯಾಸಿ ಓಟವನ್ನು ಬಿಟ್ಟು, ಹಣಕ್ಕಾಗಿ ಓಡುವ ವೃತ್ತಿಯನ್ನು ಹಿಡಿದಿದ್ದನು. ಅವನ ಆ ಕಾಲವನ್ನು 1915ರವರೆಗೆ, ಇಪ್ಪತ್ತೊಂಬತ್ತು ವರ್ಷ, ಯಾರೂ ಮೀರಲಿಲ್ಲ. ಆದರೂ ವೃತ್ತಿಪರನ ಓಟವೆಂಬ ಕಾರಣದಿಂದ ಅದು ಹವ್ಯಾಸಿಗಳ ದಾಖಲೆಯ ಪುಸ್ತಕವನ್ನು ಪ್ರವೇಶಿಸಲಿಲ್ಲ. ಹಣಕ್ಕಾಗಿ ಆಡುವವನು ಕೀಳು, ಹಣವಿಲ್ಲದೆ ಆಡುವವನು ಮೇಲು ಎಂಬ ಈ ಭಾವನೆ ಇಂಗ್ಲೆಂಡಿನ ಸಿರಿವಂತರ ಕ್ರೀಡಾ ಸಂಘಗಳಲ್ಲಿ ಬೆಳೆದದ್ದು. 1866ರಲ್ಲಿ ಅವರು ಬರೆದುಕೊಂಡ ನಿಯಮವು ಹಣಕ್ಕಾಗಿ ಓಡಿದವರನ್ನಷ್ಟೇ ಅಲ್ಲ, ಕೈಕೆಲಸದವರನ್ನೂ ಕೂಲಿಗಳನ್ನೂ ಸಹ ಸ್ಪರ್ಧೆಯಿಂದ ಹೊರಗಿಟ್ಟಿತ್ತು. 1880ರಲ್ಲಿ ಕೂಲಿಗಳ ಮೇಲಿನ ನಿಷೇಧ ಹೋಯಿತು. ಹಣದ ಮೇಲಿನ ನಿಷೇಧ ಉಳಿಯಿತು. ಒಲಿಂಪಿಕ್ಸ್ ಆ ನಿಯಮವನ್ನೇ ಆದರ್ಶವೆಂದು ಸ್ವೀಕರಿಸಿತು. ಬೇರೆ ಆದಾಯ ಉಳ್ಳವನಿಗೆ ಈ ಆದರ್ಶವನ್ನು ಪಾಲಿಸುವುದು ಕಷ್ಟವಾಗಿರಲಿಲ್ಲ.

1924ರ ಪ್ಯಾರಿಸ್ ಒಲಿಂಪಿಕ್ಸ್ ನುರ್ಮಿಯ ಜೀವನದ ಶಿಖರ. ಆ ವರ್ಷದ ವಸಂತದಲ್ಲಿ ಹಿಮಗಟ್ಟಿದ ನೆಲದ ಮೇಲೆ ಜಾರಿಬಿದ್ದು ಮೊಣಕಾಲಿಗೆ ಪೆಟ್ಟು ಮಾಡಿಕೊಂಡಿದ್ದನು. ಅದರ ಜೊತೆಗೆ ಇನ್ನೊಂದು ತೊಡಕು. 1,500 ಮೀಟರ್ ಮತ್ತು 5,000 ಮೀಟರ್ ಓಟಗಳ ಅಂತಿಮ ಸ್ಪರ್ಧೆಗಳನ್ನು ಒಂದೇ ದಿನ, ಅರ್ಧ ಗಂಟೆಯ ಅಂತರದಲ್ಲಿ ಇರಿಸಲಾಗಿತ್ತು. ಫಿನ್‌ಲೆಂಡಿನವರು ಪ್ರತಿಭಟಿಸಿದ ಮೇಲೆ ಅಂತರವನ್ನು 55 ನಿಮಿಷಕ್ಕೆ ಹೆಚ್ಚಿಸಿದರು. ಇದು ಸಾಧ್ಯವೇ ಎಂಬುದನ್ನು ಪರೀಕ್ಷಿಸಲು ನುರ್ಮಿ ಜೂನ್ 19ರಂದು ಹೆಲ್ಸಿಂಕಿಯಲ್ಲಿ ಅದೇ ಕ್ರಮದಲ್ಲಿ ಎರಡೂ ಓಟಗಳನ್ನು ಓಡಿದನು. 1,500 ಮೀಟರನ್ನು 3 ನಿಮಿಷ 52.6 ಸೆಕೆಂಡುಗಳಲ್ಲಿ ಮುಗಿಸಿ, ಸುಮಾರು ಒಂದು ಗಂಟೆ ವಿಶ್ರಮಿಸಿ, 5,000 ಮೀಟರನ್ನು 14 ನಿಮಿಷ 28.2 ಸೆಕೆಂಡುಗಳಲ್ಲಿ ಓಡಿದನು. ಪರೀಕ್ಷೆಗೆಂದು ಓಡಿದ ಎರಡೂ ಓಟಗಳು ವಿಶ್ವದಾಖಲೆಗಳಾದವು.

ಜುಲೈ 10ರಂದು ಪ್ಯಾರಿಸ್ಸಿನಲ್ಲಿ ನಡೆದದ್ದು ಆ ಪರೀಕ್ಷೆಯ ಪುನರಾವೃತ್ತಿ. ನುರ್ಮಿ 1,500 ಮೀಟರ್ ಓಟವನ್ನು ನಿರಾಯಾಸವಾಗಿ ಗೆದ್ದು, ಕೊನೆಯಲ್ಲಿ ವೇಗವನ್ನು ತಗ್ಗಿಸಿ, ಜನರ ಚಪ್ಪಾಳೆಗೆ ನಿಲ್ಲದೆ ಬಟ್ಟೆಗಳನ್ನೆತ್ತಿಕೊಂಡು ಒಳಗೆ ಹೋದನು. ಒಂದು ಗಂಟೆಯೊಳಗೆ ಮತ್ತೆ ಓಟದ ಗೆರೆಯ ಮೇಲೆ ನಿಂತನು. ಅವನು ದಣಿದಿರುವನೆಂದು ಎಣಿಸಿದ ವೀಡೆ ಮತ್ತು ಫಿನ್‌ಲೆಂಡಿನವನೇ ಆದ ವಿಲ್ಲೆ ರಿತೊಲಾ ಆರಂಭದಿಂದಲೇ ಅತಿವೇಗದಲ್ಲಿ ಓಡಿದರು. ನುರ್ಮಿ ತನ್ನ ಗಡಿಯಾರವನ್ನು ನೋಡುತ್ತ ಹಿಂದೆಯೇ ಉಳಿದನು. ಅರ್ಧ ದೂರ ಕಳೆಯುವ ವೇಳೆಗೆ ಮುಂದಿದ್ದವರು ಸೋತು ನಿಧಾನವಾದರು. ಇವನ ವೇಗ ಬದಲಾಗಲಿಲ್ಲ. ರಿತೊಲಾ ಕೊನೆಯವರೆಗೂ ಹೋರಾಡಿದನು. 0.2 ಸೆಕೆಂಡಿನ ಅಂತರದಲ್ಲಿ ನುರ್ಮಿ ಗೆದ್ದನು.

ಎರಡು ದಿನಗಳ ನಂತರದ ಗುಡ್ಡಗಾಡು ಓಟ ಭೀಕರವಾಗಿತ್ತು. ಬಿಸಿಲಿನ ತಾಪ 40 ಡಿಗ್ರಿಯನ್ನು ಮೀರಿತ್ತು. ಬೀದರಿನ ಏಪ್ರಿಲ್ ಮೇ ತಿಂಗಳ ಮಧ್ಯಾಹ್ನವನ್ನು ಕಂಡವರು ಅದನ್ನು ಊಹಿಸಿಕೊಳ್ಳಬಹುದು. ಹಿಮದ ನಾಡಿನವರಿಗೆ ಅದರ ಕಲ್ಪನೆಯೂ ಇರಲಿಲ್ಲ. ಓಟದ ದಾರಿಯ ಬಳಿ ವಿದ್ಯುತ್ ಕೇಂದ್ರದ ಹೊಗೆ ಬೇರೆ. ಹೊರಟ 38 ಜನರಲ್ಲಿ ಗುರಿ ಮುಟ್ಟಿದವರು 15 ಜನ ಮಾತ್ರ. ಕೆಲವರು ದಾರಿಯಲ್ಲೇ ಕುಸಿದರು, ಕೆಲವರು ಮೈದಾನದೊಳಗೆ ಬಂದು ದಿಕ್ಕು ತಪ್ಪಿ ಓಡಿದರು. ನುರ್ಮಿ ಎರಡನೆಯವನಾದ ರಿತೊಲಾನಿಗಿಂತ ಸುಮಾರು ಒಂದೂವರೆ ನಿಮಿಷ ಮೊದಲೇ, ವಿಶೇಷ ಆಯಾಸವಿಲ್ಲದವನಂತೆ ಒಳಗೆ ಬಂದನು. ಉಳಿದವರಲ್ಲಿ ಹಲವರು ಆಸ್ಪತ್ರೆಯಲ್ಲಿದ್ದಾಗ ಅವನು ಮರುದಿನ 3,000 ಮೀಟರ್ ತಂಡ ಓಟದಲ್ಲಿ ಓಡಿ ಐದನೆಯ ಚಿನ್ನದ ಪದಕವನ್ನು ಗಳಿಸಿದನು. ಒಲಿಂಪಿಕ್ ಗುಡ್ಡಗಾಡು ಓಟವನ್ನು ಆ ದಿನದ ಅನುಭವದ ನಂತರ ಕೈಬಿಡಲಾಯಿತು.

ಇಷ್ಟಾದರೂ ಅವನಿಗೆ ಒಂದು ಕೊರಗು ಉಳಿಯಿತು. ಅವನ ಆರೋಗ್ಯದ ಚಿಂತೆಯಿಂದಲೋ ಪದಕಗಳನ್ನು ಹಂಚುವ ಲೆಕ್ಕದಿಂದಲೋ ಫಿನ್‌ಲೆಂಡಿನ ಅಧಿಕಾರಿಗಳು 10,000 ಮೀಟರ್ ಓಟಕ್ಕೆ ಅವನ ಹೆಸರನ್ನು ಸೇರಿಸಿರಲಿಲ್ಲ. ರಿತೊಲಾ ಅದನ್ನು ವಿಶ್ವದಾಖಲೆಯೊಡನೆ ಗೆದ್ದನು. ನುರ್ಮಿ ತನ್ನ ಕೋಪವನ್ನು ಮಾತಿನಲ್ಲಿ ತೋರಿಸುವವನಲ್ಲ. ಆಗಸ್ಟ್ 31ರಂದು ಕುವೊಪಿಯೊ ಎಂಬ ಊರಿನಲ್ಲಿ ಅದೇ ದೂರವನ್ನು 30 ನಿಮಿಷ 6.2 ಸೆಕೆಂಡುಗಳಲ್ಲಿ ಓಡಿ ರಿತೊಲಾನ ದಾಖಲೆಯನ್ನು 17 ಸೆಕೆಂಡುಗಳಿಂದ ಮುರಿದನು. ಆ ದಾಖಲೆ ಸುಮಾರು ಹದಿಮೂರು ವರ್ಷ ನಿಂತಿತು.

1925ರ ಆರಂಭದಿಂದ ಐದು ತಿಂಗಳು ನುರ್ಮಿ ಅಮೆರಿಕದಲ್ಲಿ ಸಂಚರಿಸಿದನು. ನ್ಯೂಯಾರ್ಕಿನ ಮ್ಯಾಡಿಸನ್ ಸ್ಕ್ವೇರ್ ಗಾರ್ಡನ್‌ನಲ್ಲಿ, ಛಾವಣಿಯ ಕೆಳಗಿನ ಮರದ ಹಲಗೆಗಳ ಇಕ್ಕಟ್ಟಾದ ಪಥದ ಮೇಲೆ, ಅವನು ಹಿಂದೆಂದೂ ಓಡಿರಲಿಲ್ಲ. ಆದರೂ 55 ಸ್ಪರ್ಧೆಗಳಲ್ಲಿ 51ನ್ನು ಗೆದ್ದನು. ಎರಡು ಮೈಲಿಗಳನ್ನು ಒಂಬತ್ತು ನಿಮಿಷಗಳೊಳಗೆ ಓಡಿದ ಮೊದಲಿಗನಾದನು. ಒಂದು ಊರಿನಿಂದ ಇನ್ನೊಂದು ಊರಿಗೆ ರೈಲಿನಲ್ಲಿ ಪಯಣ, ಇಳಿದೊಡನೆ ಓಟ. ಅಧ್ಯಕ್ಷ ಕೂಲಿಜ್ ಅವರ ಭೇಟಿಯೂ ಆಯಿತು. ಹೊಸದಾಗಿ ಸ್ವತಂತ್ರವಾದ ಒಂದು ಸಣ್ಣ ದೇಶದ ಹೆಸರು ಅಮೆರಿಕದ ಮನೆಮನೆಗೆ ತಲುಪಿತು. ಅವನು ಓಡುವ ದಿನ ಟಿಕೆಟ್ಟುಗಳೆಲ್ಲ ಮಾರಾಟವಾಗುತ್ತಿದ್ದವು; ಕೂಟ ನಡೆಸಿದವರಿಗೆ ಒಳ್ಳೆಯ ಲಾಭವಾಯಿತು. ಓಡಿದವನಿಗೆ ಮಾತ್ರ ನಿಯಮದ ಪ್ರಕಾರ ಪ್ರಯಾಣದ ಮತ್ತು ಊಟ ವಸತಿಯ ವೆಚ್ಚದ ಹೊರತು ಏನೂ ಸಲ್ಲಬಾರದು. ವೆಚ್ಚದ ಹೆಸರಿನಲ್ಲಿ ಅವನಿಗೆ ಹೆಚ್ಚು ಹಣ ಸಂದಾಯವಾಗುತ್ತಿದೆಯೆಂಬ ಗುಸುಗುಸು ಆಗಲೇ ಹುಟ್ಟಿಕೊಂಡಿತು.

ವಯಸ್ಸು ಮೂವತ್ತನ್ನು ಸಮೀಪಿಸಿದಂತೆ ಸೋಲುಗಳೂ ಬಂದವು. 1926ರಲ್ಲಿ ಬರ್ಲಿನ್ನಿನಲ್ಲಿ ಜರ್ಮನಿಯ ಒಟ್ಟೊ ಪೆಲ್ಟ್ಸರ್ 1,500 ಮೀಟರ್ ಓಟದಲ್ಲಿ ಅವನನ್ನು ಸೋಲಿಸಿ ಅವನ ದಾಖಲೆಯನ್ನೂ ಮುರಿದನು. 1928ರ ಆಮ್‌ಸ್ಟರ್‌ಡ್ಯಾಮ್ ಒಲಿಂಪಿಕ್ಸ್‌ನಲ್ಲಿ ನುರ್ಮಿ 10,000 ಮೀಟರ್ ಓಟವನ್ನು ಗೆದ್ದನು. ಅದು ಅವನ ಒಂಬತ್ತನೆಯ ಮತ್ತು ಕೊನೆಯ ಚಿನ್ನ. 5,000 ಮೀಟರ್‌ನಲ್ಲಿ ರಿತೊಲಾನ ಹಿಂದೆ ಎರಡನೆಯವನಾದನು. 3,000 ಮೀಟರ್ ಸ್ಟೀಪಲ್‌ಚೇಸ್ ಎಂಬ ಅಡೆತಡೆಗಳ ಓಟ ಅವನಿಗೆ ಪರಿಚಿತವಾದುದಲ್ಲ. ಅದರ ಪ್ರಾಥಮಿಕ ಸುತ್ತಿನಲ್ಲಿ ನೀರಿನ ಹಳ್ಳವನ್ನು ಹಾರುವಾಗ ಅವನು ಮುಗ್ಗರಿಸಿ ನೀರಿನಲ್ಲಿ ಬಿದ್ದನು. ಕೈಯಲ್ಲಿದ್ದ ಸ್ಟಾಪ್‌ವಾಚ್ ಹಾಳಾಯಿತು. ಪಕ್ಕದಲ್ಲಿ ಓಡುತ್ತಿದ್ದ ಫ್ರಾನ್ಸಿನ ಲೂಸಿಯೆನ್ ದ್ಯುಕೆನ್ ತನ್ನ ಓಟವನ್ನು ನಿಲ್ಲಿಸಿ ಅವನನ್ನು ಕೈಹಿಡಿದು ಎಬ್ಬಿಸಿದನು. ಅನಂತರ ನುರ್ಮಿ ಆ ಫ್ರೆಂಚನಿಗೆ ಜೊತೆಯಾಗಿ ಓಡಿ ಅವನನ್ನೂ ಮುಂದಿದ್ದವರ ಬಳಿಗೆ ಕರೆತಂದನು. ಕೊನೆಯಲ್ಲಿ ಮೊದಲನೆಯ ಸ್ಥಾನವನ್ನು ಅವನಿಗೆ ಬಿಟ್ಟುಕೊಡಲು ನಿಧಾನಿಸಿದನು. ದ್ಯುಕೆನ್ ಅದನ್ನು ಸ್ವೀಕರಿಸಲೊಪ್ಪಲಿಲ್ಲ. ನಗುವೇ ಅರಿಯದವನೆಂದು ಪತ್ರಿಕೆಗಳು ಚಿತ್ರಿಸಿದ್ದ ಮನುಷ್ಯನಿವನು. ಅಂತಿಮ ಓಟದಲ್ಲಿ ತನ್ನ ದೇಶದ ತೊಯ್ವೊ ಲೌಕೊಲಾನಿಗೆ ಸೋತು ಬೆಳ್ಳಿಯ ಪದಕ ಪಡೆದನು. ಅದೇ ವರ್ಷ ಅಕ್ಟೋಬರಿನಲ್ಲಿ ಬರ್ಲಿನ್ನಿನಲ್ಲಿ ಒಂದು ಗಂಟೆಯಲ್ಲಿ 19,210 ಮೀಟರ್ ಓಡಿ ಸ್ಥಾಪಿಸಿದ ದಾಖಲೆ 1945ರವರೆಗೆ ಉಳಿಯಿತು.

ನುರ್ಮಿಗೆ ಒಂದೇ ಆಸೆ ಉಳಿದಿತ್ತು. ಕೊಲೆಮೈನೆನ್ ತನ್ನ ಕ್ರೀಡಾಜೀವನವನ್ನು ಮ್ಯಾರಥಾನ್ ಗೆಲುವಿನಿಂದ ಮುಡಿಗೇರಿಸಿಕೊಂಡಿದ್ದನಲ್ಲವೆ? ತಾನೂ 1932ರ ಲಾಸ್ ಏಂಜಲಿಸ್ ಒಲಿಂಪಿಕ್ಸ್‌ನಲ್ಲಿ ಮ್ಯಾರಥಾನ್ ಓಡಿ ವಿರಮಿಸಬೇಕೆಂದು ಅವನು ಸಂಕಲ್ಪಿಸಿದ್ದನು. ಆದರೆ 1931ರ ಶರತ್ಕಾಲದಲ್ಲಿ ಜರ್ಮನಿಯಲ್ಲಿ ಓಡಿದಾಗ ವೆಚ್ಚಕ್ಕಿಂತ ಹೆಚ್ಚಿನ ಹಣವನ್ನು ಪಡೆದನೆಂದು ದೂರು ಬಂದಿತು. 1932ರ ಏಪ್ರಿಲ್ ಆದಿಯಲ್ಲಿ ಅಂತರರಾಷ್ಟ್ರೀಯ ಅಥ್ಲೆಟಿಕ್ ಫೆಡರೇಷನ್ನಿನ ಮಂಡಳಿ ಬರ್ಲಿನ್ನಿನಲ್ಲಿ ಸಭೆ ಸೇರಿ ಅವನನ್ನು ಅಂತರರಾಷ್ಟ್ರೀಯ ಸ್ಪರ್ಧೆಗಳಿಂದ ಅಮಾನತುಗೊಳಿಸಿತು. ಆಗ ಅದರ ಅಧ್ಯಕ್ಷರಾಗಿದ್ದವರು ಸ್ವೀಡನ್ನಿನ ಸಿಗ್‌ಫ್ರಿಡ್ ಎಡ್‌ಸ್ಟ್ರೋಮ್ ಅವರು, ದೊಡ್ಡ ಕೈಗಾರಿಕೋದ್ಯಮಿ. ಅದೇ ವರ್ಷ ಫ್ರಾನ್ಸಿನಲ್ಲಿ, 1,500 ಮೀಟರನ್ನು 3 ನಿಮಿಷ 50 ಸೆಕೆಂಡುಗಳೊಳಗೆ ಓಡಿದ ಮೊದಲ ಮನುಷ್ಯನಾದ ಜೂಲ್ಸ್ ಲಾದುಮೆಗ್‌ನಿಗೂ ಇದೇ ಕಾರಣಕ್ಕಾಗಿ ಆಜೀವ ನಿಷೇಧ ಬಂದಿತು.

ನುರ್ಮಿ ಹಣ ಪಡೆದಿರಲಿಲ್ಲವೆಂದು ವಾದಿಸುವ ಅಗತ್ಯವಿಲ್ಲ. ಪ್ರಸಿದ್ಧ ಓಟಗಾರರಿಗೆ ಕೂಟ ನಡೆಸುವವರು ಗುಟ್ಟಾಗಿ ಹಣ ಕೊಡುತ್ತಿದ್ದುದು ಅಂದು ಎಲ್ಲರೂ ಬಲ್ಲ ಸಂಗತಿ. ಅವನೂ ಪಡೆದಿರಬೇಕು. ಕೇಳಬೇಕಾದ ಪ್ರಶ್ನೆ ಬೇರೆ. ಸಾವಿರಾರು ಜನ ಹಣ ಕೊಟ್ಟು ನೋಡಲು ಬಂದ ಓಟದಲ್ಲಿ, ಮೈದಾನದವನಿಗೂ ಪತ್ರಿಕೆಯವನಿಗೂ ರೈಲು ಕಂಪನಿಗೂ ಅವರವರ ಪಾಲು ಸಂದಿತು. ಬೆವರು ಸುರಿಸಿ ಓಡಿದವನು ಪಾಲು ಪಡೆದರೆ ಮಾತ್ರ ಅದು ಅಪರಾಧವೇಕಾಯಿತು? ಹನ್ನೆರಡರ ಹರೆಯದಲ್ಲಿ ಕೈಗಾಡಿ ತಳ್ಳಿ ತಾಯಿಯ ಸಂಸಾರಕ್ಕೆ ಆಸರೆಯಾದ ಮನುಷ್ಯನಿಗೆ ದುಡಿಮೆಗೆ ಕೂಲಿ ಪಡೆಯುವುದು ನಾಚಿಕೆಯ ವಿಷಯವಾಗಿ ತೋರಿರಲಾರದು. ಗುಟ್ಟಾಗಿ ಪಡೆಯಬೇಕಾಗಿ ಬಂದದ್ದು ತಪ್ಪೆನ್ನುವುದಾದರೆ, ಹಾಗೆ ಗುಟ್ಟು ಮಾಡಿಸಿದ ನಿಯಮದ ಪಾಲೂ ಆ ತಪ್ಪಿನಲ್ಲಿ ಸೇರಿದೆ.

ಫಿನ್‌ಲೆಂಡಿನವರು ಈ ತೀರ್ಮಾನಕ್ಕೆ ತಲೆಬಾಗಲಿಲ್ಲ. ಜೂನ್ ತಿಂಗಳಲ್ಲಿ ನುರ್ಮಿ ವೀಪುರಿ ಎಂಬ ಊರಿನಲ್ಲಿ 40.2 ಕಿಲೋಮೀಟರ್ ದೂರವನ್ನು 2 ಗಂಟೆ 22 ನಿಮಿಷ 4 ಸೆಕೆಂಡುಗಳಲ್ಲಿ ಓಡಿ ತೋರಿಸಿದನು. ತಂಡದೊಡನೆ ಸಮುದ್ರ ದಾಟಿ ಲಾಸ್ ಏಂಜಲಿಸ್‌ಗೂ ಹೋದನು. ಒಲಿಂಪಿಕ್ ಗ್ರಾಮದಲ್ಲಿ ಇಳಿದು, ಹಿಮ್ಮಡಿಯ ನರದ ನೋವನ್ನು ಸಹಿಸಿಕೊಂಡು ಅಭ್ಯಾಸ ನಡೆಸಿದನು. ಅವನೊಡನೆ ಸ್ಪರ್ಧಿಸಬೇಕಾಗಿದ್ದ ಮ್ಯಾರಥಾನ್ ಓಟಗಾರರಲ್ಲಿ ಅನೇಕರು, ನುರ್ಮಿಗೆ ಅವಕಾಶ ಕೊಡಬೇಕೆಂದು ಮನವಿಗೆ ಸಹಿ ಹಾಕಿದರು. ಅವನು ಓಡಿದರೆ ತಮ್ಮ ಗೆಲುವಿನ ಆಸೆ ಕಡಿಮೆಯಾಗುವುದೆಂದು ತಿಳಿದೂ ಅವರು ಸಹಿ ಹಾಕಿದರೆಂಬುದು ಗಮನಿಸತಕ್ಕದ್ದು. ಸ್ಪರ್ಧೆಗಳು ಆರಂಭವಾಗುವ ಹೊತ್ತಿಗೆ ಮಂಡಳಿ ತನ್ನ ನಿರ್ಣಯವನ್ನು ಸ್ಥಿರಪಡಿಸಿತು. ಅರ್ಜೆಂಟೀನಾದ ತರುಣ ಜುವಾನ್ ಕಾರ್ಲೊಸ್ ಜಬಾಲಾ ಮ್ಯಾರಥಾನ್ ಗೆದ್ದನು. ಒಂಬತ್ತು ಚಿನ್ನದ ಪದಕಗಳ ಒಡೆಯನು ಆ ದಿನ ಓಟದ ಹೊರಗೆ ಉಳಿದನು. ಫಿನ್‌ಲೆಂಡ್ ಅವನನ್ನು ತನ್ನ ದೇಶದೊಳಗೆ ಹವ್ಯಾಸಿಯೆಂದೇ ಪರಿಗಣಿಸಿತು. 1933ರಲ್ಲಿ ಅವನು 1,500 ಮೀಟರ್ ಓಟದ ರಾಷ್ಟ್ರೀಯ ಪ್ರಶಸ್ತಿಯನ್ನು ಗೆದ್ದನು. ಸ್ವೀಡನ್ನಿನ ಮೇಲಣ ಸಿಟ್ಟಿನಿಂದ ಎರಡು ದೇಶಗಳ ನಡುವಿನ ವಾರ್ಷಿಕ ಕ್ರೀಡಾಕೂಟ 1939ರವರೆಗೆ ನಿಂತುಹೋಯಿತು. 1934ರ ಸೆಪ್ಟೆಂಬರಿನಲ್ಲಿ ನುರ್ಮಿ ಕೊನೆಯ ಬಾರಿ ಓಡಿದನು. ಹದಿನಾಲ್ಕು ವರ್ಷಗಳ ಕ್ರೀಡಾಜೀವನದಲ್ಲಿ 10,000 ಮೀಟರ್ ಓಟದಲ್ಲಾಗಲಿ ಗುಡ್ಡಗಾಡು ಓಟದಲ್ಲಾಗಲಿ ಅವನು ಒಮ್ಮೆಯೂ ಸೋತಿರಲಿಲ್ಲ.

ಅವನನ್ನು ಹೊರಗಿಟ್ಟ ನಿಯಮವು 1970ರ ದಶಕದಿಂದ ಸಡಿಲವಾಗುತ್ತ ಬಂದಿತು. 1982ರಲ್ಲಿ ಅದೇ ಅಂತರರಾಷ್ಟ್ರೀಯ ಫೆಡರೇಷನ್ ಓಟಗಾರರು ಹಣ ಪಡೆಯಲು ಅವಕಾಶ ಮಾಡಿಕೊಟ್ಟಿತು. 2024ರ ಪ್ಯಾರಿಸ್ ಒಲಿಂಪಿಕ್ಸ್‌ನಲ್ಲಿ ಅಥ್ಲೆಟಿಕ್ಸ್‌ನ ಚಿನ್ನದ ಪದಕ ಗೆದ್ದವರಿಗೆ ಆ ಸಂಸ್ಥೆಯೇ 50,000 ಡಾಲರ್ ಬಹುಮಾನವನ್ನು ಬಹಿರಂಗವಾಗಿ ನೀಡಿತು. ನುರ್ಮಿ ಐದು ಚಿನ್ನದ ಪದಕಗಳನ್ನು ಗೆದ್ದ ಊರಿನಲ್ಲಿಯೇ, ಸರಿಯಾಗಿ ನೂರು ವರ್ಷಗಳ ನಂತರ.

ಓಟವನ್ನು ಬಿಟ್ಟ ನುರ್ಮಿ ವ್ಯಾಪಾರದಲ್ಲಿಯೂ ಅದೇ ಲೆಕ್ಕಾಚಾರವನ್ನು ತೋರಿಸಿದನು. 1936ರಲ್ಲಿ ಹೆಲ್ಸಿಂಕಿಯಲ್ಲಿ ಪುರುಷರ ಉಡುಪುಗಳ ಅಂಗಡಿಯನ್ನು ತೆರೆದನು. ಕಟ್ಟಡ ನಿರ್ಮಾಣಕ್ಕೆ ಕೈಹಾಕಿ ಆ ನಗರದಲ್ಲಿ ಸುಮಾರು ನಲವತ್ತು ವಸತಿಗೃಹ ಕಟ್ಟಡಗಳನ್ನು ಕಟ್ಟಿಸಿ ಶ್ರೀಮಂತನಾದನು. ಕೆಲಸಗಾರರಲ್ಲಿ ಕೆಲವು ಓಟಗಾರರೂ ಇದ್ದರು. 1936ರ ಬರ್ಲಿನ್ ಒಲಿಂಪಿಕ್ಸ್‌ಗೆ ಫಿನ್‌ಲೆಂಡಿನ ದೂರ ಓಟಗಾರರನ್ನು ತಯಾರು ಮಾಡುವುದರಲ್ಲಿ ನೆರವಾದನು. 10,000 ಮೀಟರ್ ಓಟದಲ್ಲಿ ಮೂರು ಪದಕಗಳೂ ಆ ದೇಶಕ್ಕೆ ಬಂದವು. 1932ರಲ್ಲಿ ಆದ ಮದುವೆ ಮೂರೇ ವರ್ಷದಲ್ಲಿ ಮುರಿದುಬಿದ್ದಿತು. ಮಗ ಮತ್ತಿ ಮುಂದೆ ಮಧ್ಯಮ ದೂರದ ಓಟಗಾರನಾದನು. 1939ರ ಕೊನೆಯಲ್ಲಿ ಸೋವಿಯತ್ ಒಕ್ಕೂಟ ಫಿನ್‌ಲೆಂಡಿನ ಮೇಲೆ ದಾಳಿ ಮಾಡಿದಾಗ, 1940ರ ಆರಂಭದಲ್ಲಿ ನುರ್ಮಿ ತರುಣ ಓಟಗಾರ ತೈಸ್ತೊ ಮಾಕಿಯೊಡನೆ ಅಮೆರಿಕಕ್ಕೆ ಹೋಗಿ ಸಂತ್ರಸ್ತರಿಗಾಗಿ ನಿಧಿ ಸಂಗ್ರಹಿಸಿದನು. ಓಟದಿಂದ ಹಣ ಗಳಿಸಿದನೆಂದು ದೂಷಿಸಲ್ಪಟ್ಟ ಹೆಸರು ದೇಶದ ಕಷ್ಟಕಾಲದಲ್ಲಿ ಹಣ ತರಲು ಉಪಯೋಗಕ್ಕೆ ಬಂದಿತು.

1952ರ ಜುಲೈ 19. ಒಲಿಂಪಿಕ್ ಕ್ರೀಡಾಕೂಟ ಹೆಲ್ಸಿಂಕಿಗೇ ಬಂದಿತ್ತು. ಅಂತರರಾಷ್ಟ್ರೀಯ ಒಲಿಂಪಿಕ್ ಸಮಿತಿಯ ಅಧ್ಯಕ್ಷರಾಗಿದ್ದವರು ಇಪ್ಪತ್ತು ವರ್ಷಗಳ ಹಿಂದೆ ನುರ್ಮಿಯ ನಿಷೇಧದ ಕಾಲದಲ್ಲಿ ಫೆಡರೇಷನ್ನಿನ ಅಧ್ಯಕ್ಷರಾಗಿದ್ದ ಎಡ್‌ಸ್ಟ್ರೋಮ್ ಅವರೇ. ಮಳೆ ಸುರಿಯುತ್ತಿತ್ತು. ಕ್ರೀಡಾಜ್ಯೋತಿಯನ್ನು ಮೈದಾನದೊಳಗೆ ತರುವವರಾರೆಂಬುದನ್ನು ಗುಟ್ಟಾಗಿ ಇರಿಸಲಾಗಿತ್ತು. ಬಾಗಿಲಲ್ಲಿ ಬೋಳುತಲೆಯ, ಐವತ್ತೈದು ವರ್ಷದ ಒಬ್ಬ ಮನುಷ್ಯ ದೊಂದಿಯನ್ನು ಎತ್ತಿ ಹಿಡಿದು ಕಾಣಿಸಿಕೊಂಡಾಗ, ಆ ಉದ್ದ ಹೆಜ್ಜೆಯನ್ನೂ ನೆಟ್ಟ ಎದೆಯನ್ನೂ ಜನ ಕ್ಷಣಮಾತ್ರದಲ್ಲಿ ಗುರುತಿಸಿದರು. ಮೈದಾನವೆಲ್ಲ ಒಂದೇ ಸದ್ದಾಯಿತು. ಸಾಲಾಗಿ ನಿಂತಿದ್ದ ನಾನಾ ದೇಶಗಳ ಕ್ರೀಡಾಪಟುಗಳು ಶಿಸ್ತನ್ನು ಮರೆತು ಅವನನ್ನು ನೋಡಲು ಪಥದ ಅಂಚಿಗೆ ಧಾವಿಸಿದರು. ನುರ್ಮಿ ಅಂಗಣದ ಜ್ಯೋತಿಯನ್ನು ಬೆಳಗಿಸಿ ದೊಂದಿಯನ್ನು ಮುಂದಕ್ಕೆ ಕೊಟ್ಟನು. ಗೋಪುರದ ಮೇಲಿನ ಜ್ಯೋತಿಯನ್ನು ಬೆಳಗಿಸಿದವನು ಅರವತ್ತೆರಡು ವರ್ಷದ ಕೊಲೆಮೈನೆನ್. ಸತಾರಾ ಜಿಲ್ಲೆಯ ಖಾಶಾಬಾ ಜಾಧವ ಅವರು ಕುಸ್ತಿಯಲ್ಲಿ ಕಂಚಿನ ಪದಕ ಗೆದ್ದು ಸ್ವತಂತ್ರ ಭಾರತಕ್ಕೆ ಮೊದಲ ವೈಯಕ್ತಿಕ ಒಲಿಂಪಿಕ್ ಪದಕ ತಂದದ್ದು ಈ ಹೆಲ್ಸಿಂಕಿ ಕೂಟದಲ್ಲಿಯೇ. ಕ್ರೀಡಾಂಗಣದ ಮುಂದೆ ಶಿಲ್ಪಿ ವೈನೊ ಆಲ್ತೊನೆನ್ ರೂಪಿಸಿದ ಓಡುವ ನುರ್ಮಿಯ ಕಂಚಿನ ಪ್ರತಿಮೆ ಇದೆ.

ವೃದ್ಧಾಪ್ಯದಲ್ಲಿ ಹೃದಯದ ಬೇನೆ ಅವನನ್ನು ಕಾಡಿತು. ಪಾರ್ಶ್ವವಾಯು ಬಡಿಯಿತು, ದೃಷ್ಟಿ ಮಂದವಾಯಿತು. ಪತ್ರಿಕೆಯವರನ್ನು ಮೊದಲಿನಿಂದಲೂ ದೂರವಿಟ್ಟಿದ್ದವನು ಈಗ ಇನ್ನಷ್ಟು ಏಕಾಂತಕ್ಕೆ ಸರಿದನು. ತನ್ನ ಪದಕಗಳ ಬಗ್ಗೆ ಹೆಚ್ಚು ಮಾತಾಡುತ್ತಿರಲಿಲ್ಲ. ವಿಜ್ಞಾನದ ಸಾಧನೆಯ ಮುಂದೆ ಓಟದ ಸಾಧನೆ ಅಲ್ಪವೆಂದು ಭಾವಿಸುತ್ತಿದ್ದನು. 1968ರಲ್ಲಿ ತನ್ನ ಸಂಪತ್ತಿನಿಂದ ಒಂದು ಪ್ರತಿಷ್ಠಾನವನ್ನು ಸ್ಥಾಪಿಸಿ, ಹೃದ್ರೋಗದ ಸಂಶೋಧನೆಗೆ ಅದನ್ನು ಮೀಸಲಿಟ್ಟನು. 1973ನೆಯ ಇಸವಿ ಅಕ್ಟೋಬರ್ 2ರಂದು ಹೆಲ್ಸಿಂಕಿಯಲ್ಲಿ ನಿಧನನಾದನು. ಸರಕಾರಿ ಗೌರವಗಳೊಡನೆ ಅಂತ್ಯಕ್ರಿಯೆ ನಡೆಯಿತು; ಫಿನ್‌ಲೆಂಡಿನ ಅಧ್ಯಕ್ಷ ಉರ್ಹೊ ಕೆಕ್ಕೊನೆನ್ ಅವರು ಉಪಸ್ಥಿತರಿದ್ದು ನುಡಿನಮನ ಸಲ್ಲಿಸಿದರು. ದೇಹವನ್ನು ಟುರ್ಕುವಿಗೆ ಒಯ್ದು ಅಲ್ಲಿಯ ಸ್ಮಶಾನದಲ್ಲಿ ಸಮಾಧಿ ಮಾಡಲಾಯಿತು.